ಹತ್ತನೆಯ ಹೆಣ

"ಏ ರಂಡಿ, ಲಗ್ನಕ್ಕ ಹೊಂಟೀಯೇನ? ಸತ್ತ ಗಂಡನ ಸುದ್ದಿ ಹೇಳಾಕ ಬಂದಾಕಿ ಹಸರ ಸೀರಿ ಉಟಗೊಂಡ ಬಂದಾಳ ನೋಡ್ರಿ!"

ಗೌಡರ ಮನೆಯ ಆಳು ಹಣಮಂತ್ರಾಯ ಕೆನಾಲಿನ ಏರಿಯ ಮೇಲೆ ನಿಂತು ಒದರಿದ. ಮೋನಮ್ಮ ಬರುತ್ತಿದ್ದವಳು ಅಲ್ಲೇ ನಿಂತಳು. ಅವಳ ಟ್ರಂಕಿನ ತಳದಲ್ಲಿ ಹರಿಯದೆ ಉಳಿದಿದ್ದ ಸೀರೆ ಅದೊಂದೇ. ಸತ್ತ ಗಂಡನ ಮೇಲೆ ಹೊರಿಸಿದ ಸುಳ್ಳನ್ನು ಇವತ್ತು ನಾಲ್ಕು ಮಂದಿಯೆದುರು ಇಳಿಸಬೇಕು, ಅಂಥ ಮಾತಿಗೆ ಹರಕು ಉಟ್ಟುಕೊಂಡು ಹೋಗಬಾರದು ಅಂತ ಬೆಳಿಗ್ಗೆ ತಲೆಗೆ ನೀರು ಹಾಕಿಕೊಂಡು ಅದನ್ನು ಉಟ್ಟಿದ್ದಳು.

ಬೆಂಗಳೂರಿನಿಂದ ಸಾಕ್ಷ್ಯಚಿತ್ರ ತೆಗೆಯಲು ಬಂದಿದ್ದ ಡೈರೆಕ್ಟರ್ ಹಣಮಂತ್ರಾಯನ ಬಾಯಿಗೆ ಮುಖ ಕಿವಿಚಿದ. "ಹಾಗೆಲ್ಲ ಬೈಬೇಡಿ" ಅಂದ. ಆಮೇಲೆ ಮೋನಮ್ಮನ ಹತ್ತಿರ ಬಂದು ದನಿ ತಗ್ಗಿಸಿದ.

"ಅಮ್ಮಾ, ತಪ್ಪು ತಿಳ್ಕೋಬೇಡಿ. ದಿನಾ ಕೆಲಸಕ್ಕೆ ಉಟ್ಕೊಂಡು ಹೋಗ್ತೀರಲ್ಲ, ಆ ಸೀರೆ ಉಟ್ಕೊಂಡು ಬರ್ತೀರಾ? ಈ ಹಸಿರು ಸ್ವಲ್ಪ ಹಬ್ಬದ ಥರ ಕಾಣ್ತಿದೆ."

ಹಣಮಂತ್ರಾಯನ ಬೈಗುಳಕ್ಕೆ ತಿರುಗಿಸಿ ಎರಡು ಕೊಡುವುದು ಮೋನಮ್ಮನಿಗೆ ಗೊತ್ತಿತ್ತು. ಇಂಥ ಮೆತ್ತನೆಯ ಮಾತಿಗೆ ಏನು ಹೇಳಬೇಕೋ ತಿಳಿಯಲಿಲ್ಲ. ಒಂದು ಮೈಲಿ ಹಿಂದಕ್ಕೆ ನಡೆದು ಹೋಗಿ, ಕಳೆ ತೆಗೆಯುವಾಗ ಉಡುವ, ಮೊಣಕಾಲ ಹತ್ತಿರ ತೇಪೆ ಹಾಕಿದ ಸೀರೆ ಉಟ್ಟು ಬಂದಳು. ಡೈರೆಕ್ಟರ್ ಕೈ ಮುಗಿದ.

ಮೂರು ಸಲ ಅವಳನ್ನು ಏರಿಯ ಮೇಲೆ ನಡೆಸಿದರು. ಮೊದಲ ಸಲ ಬಿಸಿಲು ಸರಿ ಬೀಳಲಿಲ್ಲ. ಎರಡನೆಯ ಸಲ ಭತ್ತದ ಗದ್ದೆಯಲ್ಲಿ ಯಾರೋ ಪಂಪು ಚಾಲೂ ಮಾಡಿದರು. ಮೂರನೆಯ ಸಲ ಕೂರಿಸಿ, ಕೆನಾಲಿನ ಕಡೆ ನೋಡುತ್ತ ಅವತ್ತಿನ ಸುದ್ದಿ ಹೇಳು ಅಂದರು. ಹೇಳುತ್ತ ಹೇಳುತ್ತ ಮೋನಮ್ಮನಿಗೆ ನಿಜವಾಗಿಯೂ ಅಳು ಬಂತು. ಕ್ಯಾಮೆರಾದವನು ಉಸಿರು ಬಿಗಿಹಿಡಿದು ಹತ್ತಿರ ಸರಿದ.

"ಈಗ ಯಾರ ಮೇಲೂ ಸಿಟ್ಟಿದೆಯಾ ಅಮ್ಮಾ?" ಡೈರೆಕ್ಟರ್ ಪಿಸುದನಿಯಲ್ಲಿ ಕೇಳಿದ.

"ನಾ ಯಾರಿಗಿ ಏನ ಅನ್ನಲ್ರೀ?" ಅಂದಳು ಮೋನಮ್ಮ. ಸೆರಗಿನಿಂದ ಮೂಗು ಒರೆಸಿಕೊಂಡಳು. "ಅನ್ನಾದಿದ್ರ ಸಣ್ಣಗೌಡಗ ಅನಬೇಕು. ಅವತ್ತ ಟ್ಯಾಕ್ಟರ್ ಹೊಡೀತಿದ್ದವ ಅವನ, ನನ್ನ ಗಂಡಲ್ಲ."

ಧಣಿಯ ಮಗನ ಹೆಸರು ಬಂದದ್ದೇ ಹಣಮಂತ್ರಾಯ ಕೆಮ್ಮಿದ. ಡೈರೆಕ್ಟರ್ ಕೈಯೆತ್ತಿ "ಕಟ್" ಅಂದ. ಅವಳ ಪಕ್ಕ ಮಣ್ಣಿನಲ್ಲೇ ಕೂತು, ಬೆನ್ನ ಮೇಲೆ ಕೈಯಿಟ್ಟು ಹೇಳಿದ: "ಅಮ್ಮಾ, ನಾನು ಭೂಕಂಪದಲ್ಲಿ ಮಕ್ಕಳನ್ನ ಕಳ್ಕೊಂಡೋರ ಜೊತೆ ಕೂತಿದ್ದೀನಿ. ಬೆಂಕಿಯಲ್ಲಿ ಬೆಂದೋರ ಜೊತೆ ಕೂತಿದ್ದೀನಿ. ನನ್ನ ಚಿತ್ರ ಯಾರನ್ನೂ ದೂರಲ್ಲ. ದುಃಖ ಹೇಗಿರುತ್ತೆ ಅನ್ನೋದನ್ನಷ್ಟೇ ಹೇಳುತ್ತೆ."

"ದುಃಖಕ್ಕೇನ ಕಾಲ ಅದಾವೇನ್ರೀ, ತಾನ ನಡಕೊಂತ ಮನಿಗಿ ಬರಾಕ? ಯಾರರೆ ತಂದ ಹಾಕಿದ್ರ ಬರ್ತದ. ತಂದ ಹಾಕ್ದಂವನ ಹೆಸರ ಹೇಳಬ್ಯಾಡಂದ್ರ ನಾ ಏನ ಹೇಳ್ಲಿ?"

ಡೈರೆಕ್ಟರ್ ಅವಳ ಕಡೆ ತಿರುಗಿದ. "ಕಂಡವರು ಯಾರಾದರೂ ಇದ್ದಾರಾ?" ಅಂತ ಕೇಳಿದ.

ಎರಡು ವರ್ಷದಿಂದ ಮೋನಮ್ಮ ಕಾಯುತ್ತಿದ್ದದ್ದು ಈ ಪ್ರಶ್ನೆಗೆ. ಠಾಣೆಯಲ್ಲಿ ಅವಳನ್ನು ಯಾರೂ ಇದನ್ನು ಕೇಳಿರಲಿಲ್ಲ.

"ಅದಾರ್ರೀ" ಅಂದಳು.

ಎರಡು ವರ್ಷದ ಹಿಂದೆ ಮೆಣಸಿನಕಾಯಿ ಬಿಡಿಸುವ ಸುಗ್ಗಿಯಲ್ಲಿ ಸಾಹೇಬಗೌಡರ ಟ್ರ್ಯಾಕ್ಟರ್ ಬೆಳಗಿನ ಆರು ಗಂಟೆಗೆ ಕೇರಿಯ ಒಂಬತ್ತು ಹೆಂಗಸರನ್ನು ಹೇರಿಕೊಂಡು ಹೊರಟಿತ್ತು. ಕೇರಿಯಿಂದ ಹೊರಡುವಾಗ ಹೊಡೆಯುತ್ತಿದ್ದವನು ಮೋನಮ್ಮನ ಗಂಡ ಅಂಬ್ರಪ್ಪ. ಹನ್ನೊಂದು ವರ್ಷದಿಂದ ಗೌಡರ ಡ್ರೈವರ್. ಕೆನಾಲಿನ ಗೇಟು ದಾಟಿ ಅರ್ಧ ಫರ್ಲಾಂಗಿನಲ್ಲಿ ಟ್ರ್ಯಾಕ್ಟರ್ ಏರಿ ಬಿಟ್ಟು ನೀರಿಗೆ ಬಿತ್ತು. ಟ್ರೇಲರ್ ಮಗುಚಿ ಹೆಂಗಸರ ಮೇಲೆ ಕೂತಿತು. ಒಂಬತ್ತರಲ್ಲಿ ಒಬ್ಬಳೂ ಮೇಲೆ ಬರಲಿಲ್ಲ. ಸಂಜೆಗೆ ನೀರು ಇಳಿದ ಮೇಲೆ ಹತ್ತು ಹೆಣ ಎತ್ತಿದರು. ಹತ್ತನೆಯದು ಅಂಬ್ರಪ್ಪನದು.

ಸರಕಾರದ ಕಾಗದದಲ್ಲಿ ಮಾತ್ರ ಸತ್ತವರು ಒಂಬತ್ತೇ ಮಂದಿ. ಅಂಬ್ರಪ್ಪ ಆರೋಪಿ. ಕುಡಿದು ಹೊಡೆದ ಅಂತ ಬರೆದರು. ಆರೋಪಿ ಸತ್ತಿದ್ದಾನೆ, ಸತ್ತವನ ಮೇಲೆ ಕೇಸು ನಡೆಯುವುದಿಲ್ಲ ಅಂತ ಕಡತ ಮುಚ್ಚಿದರು. ವಿಚಾರಣೆಯೇ ಇಲ್ಲದೆ ಅವನು ಹೊಣೆಗಾರನಾಗಿಯೇ ಉಳಿದ. ಅಂಬ್ರಪ್ಪ ಕುಡಿಯುತ್ತಿದ್ದ, ಇಲ್ಲವೆಂದಲ್ಲ. ಕುಡಿದ ದಿನ ಮೋನಮ್ಮನೂ ಏಟು ತಿಂದಿದ್ದಳು. ಆದರೆ ಹೆಂಗಸರನ್ನು ಹೇರಿಕೊಂಡು ಹೋಗುವ ಬೆಳಿಗ್ಗೆ ಅವನು ಚಹಾದ ಹೊರತು ಬೇರೆ ಮುಟ್ಟಿದವನಲ್ಲ.

ಕೇರಿ ಅವಳನ್ನು ಹೊರಗಿಟ್ಟಿತು. ಕಳೆ ತೆಗೆಯುವ ಗುಂಪಿಗೆ ಕರೆಯಲಿಲ್ಲ, ಅವಳು ಪಕ್ಕದೂರಿನ ಹೊಲಗಳಿಗೆ ಒಬ್ಬಳೇ ಕೂಲಿಗೆ ಹೋಗುತ್ತಿದ್ದಳು. ನಳದ ಹತ್ತಿರ ಅವಳ ಕೊಡ ಬಂದರೆ ಉಳಿದವರು ತಮ್ಮ ಕೊಡ ಎತ್ತಿಕೊಂಡು ಸರಿದು ನಿಲ್ಲುತ್ತಿದ್ದರು. ಎದುರು ಮನೆಯ ರೇಣಮ್ಮ ಇದ್ದೊಬ್ಬ ಮಗಳು ಅಯ್ಯಮ್ಮನನ್ನು ಆ ಟ್ರೇಲರಿನ ಕೆಳಗೆ ಕಳೆದುಕೊಂಡಿದ್ದಳು. ಅವಳು ದಿನಾ ಬೆಳಿಗ್ಗೆ ಕಸ ಗುಡಿಸಿದ ಮೇಲೆ ಮೋನಮ್ಮನ ಹೊಸ್ತಿಲಿಗೆ ಬಂದು ಉಗಿದು ಹೋಗುತ್ತಿದ್ದಳು. "ನಿನ್ನ ಗಂಡ ಭಾಡಕೋ ನನ್ನ ಮಗಳ್ನ ನುಂಗಿ ತಾನೂ ಸತ್ತ. ನೀ ಯಾಕ ಉಳದೀಯೇ ಬೋಸುಡಿ?" ಮೋನಮ್ಮ ಬೂದಿ ಹಾಕಿ ಹೊಸ್ತಿಲು ಬಳಿಯುತ್ತಿದ್ದಳು.

ಗೇಟು ಕಾಯುವ ದಸ್ತಗೀರಸಾಬ ಅವತ್ತು ನಡೆದದ್ದನ್ನೆಲ್ಲ ಕಂಡಿದ್ದ. ಹೆಣ ಎತ್ತಿದ ನಾಲ್ಕನೆಯ ದಿನ ಬಂದು, ಮೋನಮ್ಮನ ಮುಂದೆ ತಲೆಯ ರುಮಾಲು ಬಿಚ್ಚಿ ನೆಲಕ್ಕಿಟ್ಟು, ಎಲ್ಲ ಹೇಳಿ ಅತ್ತಿದ್ದ. ಪೊಲೀಸರ ಮುಂದೆ ಮಾತ್ರ "ನಾ ನಮಾಜಿನಾಗಿದ್ದೆ, ನೋಡಿಲ್ರಿ" ಅಂದಿದ್ದ. ಅವನ ಗುಡಿಸಲಿದ್ದದ್ದು ಗೌಡರ ಹೊಲದ ಮೂಲೆಯಲ್ಲಿ. ಅವನಿಗೆ ಕೆಲಸ ಕೊಟ್ಟ ಗುತ್ತಿಗೆದಾರ ಗೌಡರ ಅಳಿಯ. ಅವನ ಬಾಯಿಂದ ಬಾರದ ಮಾತನ್ನು ಮೋನಮ್ಮ ಹೇಳಿದರೆ ಕೇರಿ ನಂಬಲಿಲ್ಲ.

ಡೈರೆಕ್ಟರ್ ಆ ಪ್ರಶ್ನೆ ಕೇಳಿದ ದಿನವೇ ಮಧ್ಯಾಹ್ನ ಮೋನಮ್ಮ ಗೇಟಿಗೆ ಹೋಗಿ ಮುದುಕನ ಕಾಲು ಹಿಡಿದಳು.

"ಕಾಕಾ, ಒಂದ ಸಲ ಹೇಳ್ರಿ. ಇವರು ಪೊಲೀಸರಲ್ಲ, ಊರಿನವ್ರಲ್ಲ. ದೇಶಕ್ಕೆಲ್ಲಾ ತೋರ್ಸವ್ರು."

"ಕಾಲ ಬಿಡ ಬೇಟಿ. ನನಗ ಎಪ್ಪತ್ತಾತು. ಗುಡಸಲ ಹೋದ್ರ ಎಲ್ಲಿ ಬೀಳಲಿ?"

"ನನ್ನ ಹೊಸ್ತಿಲಕ ದಿನಾ ಉಗುಳ ಬೀಳ್ತದ ಕಾಕಾ. ಅದು ನಿಮಗ ಗೊತ್ತದ. ಗೊತ್ತಿದ್ದೂ ನೀವು ನಮಾಜ ಮಾಡ್ತೀರಿ."

ದಸ್ತಗೀರಸಾಬ ಗೇಟಿನ ಕಬ್ಬಿಣದ ಚಕ್ರ ಹಿಡಿದುಕೊಂಡ. ಆಮೇಲೆ "ಕರ್ಕೊಂಡ ಬಾ" ಅಂದ.

ಕ್ಯಾಮೆರಾದ ಮುಂದೆ ಅವನು ತಡವರಿಸಲಿಲ್ಲ. "ಸಣ್ಣಗೌಡ ಇಲ್ಲೇ, ಈ ಗೇಟಿನ ಮುಂದ ಫಟಫಟಿ ಗಾಡಿ ಬಿಟ್ಟು ಕೈ ಅಡ್ಡ ಮಾಡ್ದ. 'ಇಳಿಯೋ ಅಂಬ್ರ್ಯಾ, ನಾ ಹೊಡೀತೀನಿ' ಅಂದ. ರಾತ್ರಿದು ಇನ್ನಾ ಇಳದಿದ್ದಿಲ್ಲ, ನಾ ನಿಂತಲ್ಲಿಗಿ ವಾಸನಿ ಬರ್ತಿತ್ತು. ಅಂಬ್ರಪ್ಪ 'ಬ್ಯಾಡ್ರಿ ಧಣಿ, ಹೆಣ್ಮಕ್ಕಳ ಅದಾರ' ಅಂದ. ಕಪಾಳಕ್ಕೊಂದ ಹೊಡದು ಇಳಿಸ್ದ. ಅಂಬ್ರಪ್ಪ ಮಡಗಾರ್ಡ ಮ್ಯಾಲ ಕುಂತ. ಹೆಣ್ಮಕ್ಕಳು ನಕ್ಕೊಂತ ಹೋದ್ರು. ಅಷ್ಟ ದೂರ... ಅಗಾ ಅಲ್ಲಿ. ಬಿತ್ತು. ಸಣ್ಣಗೌಡ ಮೊದಲ ಜಿಗದಿದ್ದ, ಏರಿ ಹತ್ತಿ ಓಡಿದ. ಅಂಬ್ರಪ್ಪನೂ ದಂಡಿಗಿ ಬಂದ. ಬಂದಂವ ಮತ್ತ ಜಿಗದ. ಟ್ರೇಲರ್ ಕೆಳಗ ಹೋದ, ಮ್ಯಾಲ ಬಂದ, ಉಸಿರ ತಗೊಂಡ, ಮತ್ತ ಹೋದ. ಮೂರನೇ ಸಲ ಬರಲಿಲ್ಲ. ನನಗ ಈಜ ಬರಂಗಿಲ್ಲ ಸಾಬ್. ಗೇಟ ತಿರುಗಿಸ್ದೆ. ಅಂಗೈ ತೊಗಲ ಸುಲೀತು. ಹಾಳಾದ ನೀರು ಲಗೂನ ಇಳೀತದೇನು? ಗಾಲಿ ಮ್ಯಾಲ ತಿರಗತಿದ್ವು. ಆಮ್ಯಾಲ ನೀರ ಸುಮ್ಮಗಾತು."

ಡೈರೆಕ್ಟರಿನ ಕಣ್ಣು ತುಂಬಿತ್ತು. ಮುದುಕನ ಕೈ ಹಿಡಿದುಕೊಂಡು "ಇದು ನನ್ನ ಚಿತ್ರದ ಜೀವ" ಅಂದ. ಎರಡು ವರ್ಷದಲ್ಲಿ ಮೊದಲ ಸಲ ಮೋನಮ್ಮ ಅವತ್ತು ಒಲೆ ಹಚ್ಚಿ ಜೋಳದ ರೊಟ್ಟಿ ತಟ್ಟಿ ಹೊಟ್ಟೆ ತುಂಬ ಉಂಡಳು.

ಡೈರೆಕ್ಟರ್ ಮತ್ತು ಅವನ ಮೂರು ಜನ ಇಳಿದುಕೊಂಡಿದ್ದದ್ದು ಸಾಹೇಬಗೌಡರ ವಾಡೆಯಲ್ಲಿ. ಊರಿನಲ್ಲಿ ಪಾಯಖಾನೆ, ಕರೆಂಟು, ಬಿಸಿನೀರು ಎಲ್ಲ ಇದ್ದ ಮನೆ ಅದೊಂದೇ. ಸಂಜೆ ಪಡಸಾಲೆಯಲ್ಲಿ ಲ್ಯಾಪ್‌ಟಾಪ್ ತೆರೆದು ಹಗಲು ತೆಗೆದದ್ದನ್ನೆಲ್ಲ ನೋಡುವುದು ಅವರ ರೂಢಿ. ಹಿಂದೆ ಯಾರು ನಿಂತಿದ್ದಾರೆ ಅಂತ ನೋಡಲಿಲ್ಲ. ಪಾತ್ರೆ ತಿಕ್ಕುವ ಭೀಮಮ್ಮ ಆಮೇಲೆ ಹೇಳಿದ್ದು: ಸಣ್ಣಗೌಡ ಕಂಬಕ್ಕೊರಗಿ ನಿಂತು ಪೂರ್ತಿ ಕೇಳಿದನಂತೆ. ಡೈರೆಕ್ಟರಿಗೆ ಮತ್ತೊಂದು ಹೋಳಿಗೆ ಹಾಕಿಸಿದನಂತೆ.

ಮರುದಿನ ಹೊತ್ತೇರುವ ಮೊದಲೇ ದಸ್ತಗೀರಸಾಬನ ಗುಡಿಸಲು ಕಿತ್ತು ಕೆನಾಲಿಗೆ ಎಸೆದರು. ಗೇಟಿನ ಕೀಲಿಕೈ ಕಸಿದುಕೊಂಡರು. ಮುದುಕ ಒಂದು ಗಂಟು, ನಮಾಜಿಗೆ ಕೈಕಾಲು ತೊಳೆಯುವ ಬದನಿ ಹಿಡಿದು ಸುರಪುರದ ಬಸ್ಸು ಹತ್ತಿದ. ಅಲ್ಲಿ ಅವನ ಮಗಳು ಖಾಜಾಬೀ ಇದ್ದಳು.

ಮೋನಮ್ಮ ವಾಡೆಗೆ ಓಡಿದಳು. ಡೈರೆಕ್ಟರಿನ ಜನ ಕಾರಿಗೆ ಸಾಮಾನು ಹಾಕುತ್ತಿದ್ದರು. ಸಾಹೇಬಗೌಡ ಮೆಟ್ಟಿಲ ಮೇಲೆ ನಿಂತಿದ್ದ.

"ಬಾ ತಂಗಿ, ಚಹಾ ಕುಡಿ" ಅಂದ, ಬೆಂಗಳೂರಿನವರಿಗೆ ಕೇಳುವಂತೆ. ಅವಳು ಹತ್ತಿರ ಬಂದಾಗ ದನಿ ಬದಲಾಯಿತು. "ನಾಲಗಿ ಬಾಳ ಉದ್ದ ಬೆಳದದ ನಿಂದು. ನಿನ್ನ ಗಂಡಗ ನೀರ ಕುಡಿಸೀನಿ, ನಿನಗ ಏನ ಕುಡಿಸ್ಲಿ ಸೂಳಿ? ಕೆನಾಲ್ ಇನ್ನಾ ಬತ್ತಿಲ್ಲ."

ಮೋನಮ್ಮ ಅವನನ್ನು ದಾಟಿ ಕಾರಿನ ಹತ್ತಿರ ಹೋದಳು. ಗುಡಿಸಲಿನ ಸುದ್ದಿ ಕೇಳಿ ಡೈರೆಕ್ಟರ್ ಬಿಳಿಚಿಕೊಂಡ. "ಅಯ್ಯೋ ದೇವರೇ" ಅಂದ. "ನನ್ನಿಂದಾನಾ?" ಅಂದ. ತನ್ನ ಫೋನ್ ನಂಬರನ್ನು ಚೀಟಿಯಲ್ಲಿ ಬರೆದು ಅವಳ ಕೈಯಲ್ಲಿಟ್ಟು, "ಆ ಮಾತು ವ್ಯರ್ಥವಾಗೋಕೆ ಬಿಡಲ್ಲ ಅಮ್ಮಾ" ಅಂದ. ಕಾರು ಧೂಳೆಬ್ಬಿಸಿ ಹೋಯಿತು.

ಆಮೇಲೆ ಹದಿನಾಲ್ಕು ತಿಂಗಳು ಅವಳು ಫೋನು ಮಾಡಿದಳು. ಮೊದಮೊದಲು ಅವನೇ ಎತ್ತುತ್ತಿದ್ದ. "ಎಡಿಟಿಂಗ್ ನಡೀತಿದೆ." ಆಮೇಲೆ ಒಬ್ಬ ಹುಡುಗಿ ಎತ್ತತೊಡಗಿದಳು. "ಸರ್ ವಿದೇಶದಲ್ಲಿದ್ದಾರೆ, ಫೆಸ್ಟಿವಲ್." ಒಂದು ಸಲ ಮೋನಮ್ಮ, "ಮುದುಕ ಹೇಳಿದ್ದರ ಒಂದ ಕಾಪಿ ಕೊಡ್ರಿ ತಾಯಿ, ವಕೀಲರಿಗಿ ತೋರಿಸ್ತೀನಿ" ಅಂತ ಅಂಗಲಾಚಿದಳು. ಶಹಾಪುರದ ವಕೀಲರು, ಅದು ಸಿಕ್ಕರೆ ಕಡತ ಮತ್ತೆ ತೆರೆಸಲು ಅರ್ಜಿ ಹಾಕಬಹುದು ಅಂದಿದ್ದರು. ಹುಡುಗಿ ಕೇಳಿ ಹೇಳುತ್ತೇನೆಂದಳು. ವಾರ ಬಿಟ್ಟು ಡೈರೆಕ್ಟರ್ ತಾನೇ ಮಾಡಿದ.

"ಅಮ್ಮಾ, ಅದು ಬಹಳ ಸೂಕ್ಷ್ಮ. ಹಣ ಹಾಕಿದವರು ಒಪ್ಪಲ್ಲ. ನಾನು ಕೋರ್ಟು ಕಚೇರಿ ಅಂತ ಹೋದ್ರೆ ನಾಳೆ ಯಾವ ಊರಲ್ಲೂ ನನ್ನ ಹತ್ರ ಯಾರೂ ಮನಸ್ಸು ಬಿಚ್ಚಲ್ಲ."

"ನಮ್ಮೂರಾಗ ಬಿಚ್ಚಿದಂವಗ ಮನಿ ಇಲ್ದಂಗಾತಲ್ರೀ ಸಾಹೇಬ್ರ."

ಅವನು ನಿಟ್ಟುಸಿರು ಬಿಟ್ಟದ್ದು ಕೇಳಿಸಿತು. ಆಮೇಲೆ ಫೋನು ಇಟ್ಟ.

ಚಳಿಗಾಲದಲ್ಲಿ ಊರಿಗೆ ಸುದ್ದಿ ಬಂತು. ಚಿತ್ರಕ್ಕೆ ಎಲ್ಲೋ ದೊಡ್ಡ ಬಹುಮಾನ ಬಂದಿದೆ, ಭೀಮರಾಯನಗುಡಿಯ ನೀರಾವರಿ ಕ್ಯಾಂಪಿನ ಸಭಾಭವನದಲ್ಲಿ ಶುಕ್ರವಾರ ಮಧ್ಯಾಹ್ನ ತೋರಿಸುತ್ತಾರೆ. ಒಂಬತ್ತು ಮನೆಯವರನ್ನೂ ಗೌಡರೇ ಕರೆದುಕೊಂಡು ಹೋಗುತ್ತಾರೆ. ಅವತ್ತು ಗೌಡರ ಟ್ರ್ಯಾಕ್ಟರ್ ಕೇರಿಗೆ ಬಂದು ನಿಂತಿತು. ರೇಣಮ್ಮ ಮೊದಲಾಗಿ ಎಲ್ಲರೂ ಟ್ರೇಲರ್ ಹತ್ತಿ, ಒಬ್ಬರ ತೋಳು ಒಬ್ಬರು ಗಟ್ಟಿಯಾಗಿ ಹಿಡಿದು, ಕೆನಾಲಿನ ಕಡೆ ನೋಡದೆ ಕುಳಿತು ಹೋದರು. ಮೋನಮ್ಮನನ್ನು ಯಾರೂ ಕರೆಯಲಿಲ್ಲ.

ಅವಳು ಹಿಂದಿನ ದಿನವೇ ಸುರಪುರಕ್ಕೆ ಹೋಗಿದ್ದಳು. ಖಾಜಾಬೀಯ ಮನೆಯ ಕಟ್ಟೆಯ ಮೇಲೆ ಮುದುಕ ಹರಿದ ಕೌದಿ ಹೊದ್ದು ಕೂತಿದ್ದ. ಖಾಜಾಬೀ ಅವಳನ್ನು ಒಳಗೆ ಬಿಡಲಿಲ್ಲ. "ನಿನ್ನ ಮಾತ ಕೇಳಿ ನಮ್ಮಪ್ಪ ಬೀದಿಗಿ ಬಂದಾನ. ಇನ್ನೇನ ಬೇಕವಾ ನಿನಗ?" ಮೋನಮ್ಮ "ನನ್ನ ತಪ್ಪದ" ಅಂದಳು. ದಸ್ತಗೀರಸಾಬನೇ ಕೇಳಿದ: "ಹೇಳಿದ್ದು ತೋರಿಸ್ತಾರಂತೇನು?"

"ಗೊತ್ತಿಲ್ಲ ಕಾಕಾ. ತೋರ್ಸಿದ್ರ ನೀವೂ ನೋಡಬೇಕು. ತೋರ್ಸದಿದ್ರೂ ನೀವು ಅಲ್ಲಿರಬೇಕು."

ಮುದುಕ ಮಗಳ ಮುಖ ನೋಡಿದ. ಎದ್ದು ರುಮಾಲು ಸುತ್ತಿಕೊಂಡ.

ಇಬ್ಬರೂ ಸಭಾಭವನ ಮುಟ್ಟಿದಾಗ ಕಿಟಕಿಗಳ ಪರದೆ ಎಳೆದು ಚಿತ್ರ ಶುರುವಾಗಿತ್ತು. ಹಿಂದಿನ ಗೋಡೆಗೆ ಆತು ನಿಂತರು. ಮುಂದಿನ ಸಾಲಿನ ಮೆತ್ತೆಯ ಕುರ್ಚಿಗಳಲ್ಲಿ ಅಧಿಕಾರಿಗಳು, ಸಾಹೇಬಗೌಡ, ಅವನ ಪಕ್ಕ ಬಿಳಿ ಅಂಗಿಯ ಸಣ್ಣಗೌಡ. ಅವರ ಹಿಂದೆ ಒಂಬತ್ತು ಮನೆಯವರು.

ಗೋಡೆಯಷ್ಟು ದೊಡ್ಡದಾಗಿ ಮೋನಮ್ಮನ ಮುಖ ಬಂತು. ತೇಪೆ ಹಾಕಿದ ಸೀರೆ ಬಂತು. ಯಾರೋ ತಂತಿವಾದ್ಯ ನುಡಿಸುತ್ತಿದ್ದರು. "ನಾ ಯಾರಿಗಿ ಏನ ಅನ್ನಲ್ರೀ?" ಅಂದಳು ಪರದೆಯ ಮೇಲಿನ ಮೋನಮ್ಮ. ಅಷ್ಟಕ್ಕೇ ಅವಳ ಬಾಯಿ ಮುಚ್ಚಿತು. ಮುಂದಿನ ಮಾತು ಬರಲಿಲ್ಲ. ಬದಲಿಗೆ ಕೊಕ್ಕರೆಯೊಂದು ಕೆನಾಲಿನ ಮೇಲೆ ಹಾರಿತು. ಡೈರೆಕ್ಟರಿನ ದನಿ ಹೇಳಿತು: "ಚಾಲಕ ಕುಡಿದಿದ್ದ ಎನ್ನುತ್ತವೆ ದಾಖಲೆಗಳು. ಆದರೆ ಇದು ತಪ್ಪಿತಸ್ಥರ ಕಥೆಯಲ್ಲ, ಕ್ಷಮಿಸಿದವರ ಕಥೆ."

ಆಮೇಲೆ ದಸ್ತಗೀರಸಾಬ ಬಂದ. ಸುಕ್ಕುಗಟ್ಟಿದ ಕೈ, ಕಬ್ಬಿಣದ ಚಕ್ರ. "ಗಾಲಿ ಮ್ಯಾಲ ತಿರಗತಿದ್ವು. ಆಮ್ಯಾಲ ನೀರ ಸುಮ್ಮಗಾತು." ಅಷ್ಟೇ.

ಮುದುಕ ಕತ್ತಲೆಯಲ್ಲಿ ಮೋನಮ್ಮನ ತೋಳು ಹಿಡಿದ. "ಉಳದದ್ದು?" ಅಂತ ಕೇಳಿದ. "ಬೇಟಿ, ಉಳದದ್ದೆಲ್ಲಿ?"

ಚಿತ್ರ ಮುಗಿದು, ಸಾಹೇಬಗೌಡರ ಮನೆತನಕ್ಕೆ ಕೃತಜ್ಞತೆ ಎಂಬ ಅಕ್ಷರಗಳು ಮೂಡಿ ಹೋದವು. ದೀಪ ಹತ್ತಿತು. ಒಬ್ಬ ಅಧಿಕಾರಿ ಕನ್ನಡಕ ತೆಗೆದು ಕಣ್ಣೊರೆಸಿಕೊಂಡ. ಚಪ್ಪಾಳೆ ನಿಲ್ಲಲು ಹೊತ್ತು ಹಿಡಿಯಿತು. ಡೈರೆಕ್ಟರ್ ವೇದಿಕೆಗೆ ಹೋಗಿ, "ಕಳೆದುಕೊಂಡವರು ಯಾರಾದರೂ ಎರಡು ಮಾತು..." ಅಂದ. ಹಣಮಂತ್ರಾಯ ಮೈಕನ್ನು ರೇಣಮ್ಮನ ಕೈಗೆ ಕೊಟ್ಟ. ಗೌಡರಿಗೆ ಶರಣು ಅನ್ನಬೇಕು ಅಂತ ಟ್ರೇಲರಿನಲ್ಲೇ ಹೇಳಿಕೊಟ್ಟಿದ್ದ. ರೇಣಮ್ಮ ಎದ್ದು ನಿಂತಳು. ಮೈಕನ್ನು ತಿರುಗಿಸಿ ನೋಡಿದಳು.

"ನಾ ಮಾತಾಡ್ತೀನ್ರಿ."

ಎಲ್ಲರ ತಲೆ ಹಿಂದಕ್ಕೆ ತಿರುಗಿತು. ಮೋನಮ್ಮ ಮುದುಕನ ಕೈ ಹಿಡಿದು ನಡುವಿನ ದಾರಿಯಲ್ಲಿ ಬರುತ್ತಿದ್ದಳು.

"ಸಾಹೇಬ್ರ, ನೀವು ಕತ್ತರಿಸಿ ಒಗದ ಮಾತು ನಡಕೊಂತ ಬಂದದ. ಕೇಳ್ರಿ."

"ಏ, ಯಾವಾಕಿ ಅಕಿ? ಹೊರಗ ಹಾಕ್ರಿ" ಅಂದ ಸಾಹೇಬಗೌಡ. ಹಣಮಂತ್ರಾಯ ರೇಣಮ್ಮನ ಕೈಯಿಂದ ಮೈಕು ಕಸಿದುಕೊಂಡ. ದಸ್ತಗೀರಸಾಬನಿಗೆ ಮೈಕು ಬೇಕಿರಲಿಲ್ಲ. ಮೂವತ್ತು ವರ್ಷ ನೀರಿನ ಆಚೆ ದಂಡೆಗೆ ಕೂಗಿ ಮಾತಾಡಿದ ಗಂಟಲು ಅದು. ಅವನು ವೇದಿಕೆಯ ಕಡೆ ನೋಡಲೇ ಇಲ್ಲ. ರೇಣಮ್ಮನ ಎದುರು ನಿಂತು, ಗೇಟಿನ ಮುಂದೆ ಫಟಫಟಿ ನಿಂತಲ್ಲಿಂದ ಶುರು ಮಾಡಿದ.

"ನಿನ್ನ ಅಯ್ಯಮ್ಮ ಹಿಂದಿನ ಮೂಲ್ಯಾಗ ಕುಂತಿತ್ತವ್ವ. 'ಸಣ್ಣಗೌಡ್ರ ಮೆಲ್ಲಕ ಹೊಡೀರಿ' ಅಂತ ಒದರಿತ್ತು. ನಾ ನನ್ನ ಕಿವಿಲೆ ಕೇಳೀನಿ. ಪೊಲೀಸರ ಮುಂದ ಸುಳ್ಳ ಹೇಳೀನಿ. ನನ್ನ ಮಾರಿಗಿ ಉಗುಳ, ಅಕಿ ಹೊಸ್ತಿಲಕ ಬ್ಯಾಡ."

ಡೈರೆಕ್ಟರ್ ಕ್ಯಾಮೆರಾದವನ ಭುಜ ತಟ್ಟಿ "ರೋಲ್, ರೋಲ್" ಅಂದ. ಕ್ಯಾಮೆರಾ ರೇಣಮ್ಮನ ಮುಖದ ಹತ್ತಿರಕ್ಕೆ ಬಂತು. ಮೋನಮ್ಮ ನಡುವೆ ನುಗ್ಗಿ ಅದರ ಗಾಜಿನ ಮೇಲೆ ಅಂಗೈ ಒತ್ತಿ ಹಿಡಿದಳು.

"ಅಮ್ಮಾ, ಇದನ್ನ ಖಂಡಿತ ಹಾಕ್ತೀನಿ. ಆಣೆ ಮಾಡ್ತೀನಿ. ಕೈ ತೆಗೀರಿ."

"ಇದು ನಿಮಗ ಹೇಳಾಕತ್ತಿಲ್ಲ. ಒಂಬತ್ತ ಮನಿಗಿ ಹೇಳಾಕತ್ತಾರ. ಬಾಜೂ ಸರೀರಿ."

ಹಣಮಂತ್ರಾಯ ಅವಳ ಸೆರಗು ಹಿಡಿದು ಎಳೆದ. ಸೀರೆ ಹೆಗಲ ಹತ್ತಿರ ಪರ್ರನೆ ಹರಿಯಿತು. ಅವಳು ಕೈ ತೆಗೆಯಲಿಲ್ಲ. ಮುದುಕನೂ ನಿಲ್ಲಿಸಲಿಲ್ಲ. ಮೂರನೆಯ ಸಲ ಅಂಬ್ರಪ್ಪ ಮುಳುಗಿದಲ್ಲಿಗೆ ಬಂದು ನಿಲ್ಲಿಸಿದ.

ಮುಂದಿನ ಸಾಲಿನಲ್ಲಿ ಸಾಹೇಬಗೌಡ ಎದ್ದ. ಮಗನ ತೋಳು ಹಿಡಿದು ಎಬ್ಬಿಸಿದ. "ನಡಿ, ಹುಚ್ಚ ಮಂದಿ" ಅಂದ. ಅಧಿಕಾರಿಗಳು ತಮ್ಮ ತಮ್ಮ ಫೋನು ನೋಡುತ್ತಿದ್ದರು.

ರೇಣಮ್ಮ ದಾರಿಗೆ ಅಡ್ಡ ಬಂದು ನಿಂತಳು. ಅವಳ ತಲೆ ಸಣ್ಣಗೌಡನ ಎದೆಯ ಮಟ್ಟಕ್ಕಿತ್ತು. ಕತ್ತು ಮೇಲೆತ್ತಿ ಅವನ ಮುಖ ನೋಡಿದಳು.

"ಇಲ್ಲ ಅನ್ನು" ಅಂದಳು. "ನೀ ಹೊಡೀತಿದ್ದಿಲ್ಲ ಅನ್ನು. ನನ್ನ ಮಾರಿ ನೋಡಿ ಅನ್ನು."

ಸಣ್ಣಗೌಡ ಅಪ್ಪನ ಕಡೆ ನೋಡಿದ.

ಹಿಂದುಗಡೆ, ಯಾರೂ ಹೇಳದೆಯೇ, ಒಂಬತ್ತು ಮನೆಯ ಇಬ್ಬರು ಹೆಂಗಸರು ಎದ್ದು ಹೋಗಿ ಸಭಾಭವನದ ದೊಡ್ಡ ಬಾಗಿಲು ಮುಚ್ಚಿ ಒಳಗಿನಿಂದ ಅಗುಳಿ ಹಾಕಿದರು.